ಕೆಳತೋಟ ಡಿಲೀಟ್ ಆಯ್ತು

ಹೋದ ತಿಂಗಳು ತಮ್ಮ ಆಫೀಸಿನ ಟ್ರೈನಿಂಗ್ ಅಂತ ಮಂಗಳೂರಿನಿಂದ ಬಂದು ಒಂದು ವಾರ ನಮ್ಮನೆಯಲ್ಲಿದ್ದ. ಮೊದಲನೇ ದಿನ ಬ್ಯಾಗ್ ಇಳಿಸಿ, ಕಾಫಿ ಕುಡಿದು, ಸೋಫಾ ಮೇಲೆ ಕಾಲು ಚಾಚಿದವನಿಗೆ ಟಿವಿ ಕೆಳಗೆ ಧೂಳು ಹಿಡಿದಿದ್ದ ಪಿಎಸ್4 ಕಾಣಿಸ್ತು.

"ಅಣ್ಣ, ಇದು ಇನ್ನೂ ಓಡುತ್ತಾ? ಕೆಳತೋಟ ಹಾಕು ಮಾರಾಯ. ನೋಡಿ ಎಷ್ಟು ವರ್ಷ ಆಯ್ತು!"

ಆಟ ಅದರಲ್ಲಿ ಇರಲಿಲ್ಲ. ಜಾಗ ಇಲ್ಲ ಅಂತ ಯಾವತ್ತೋ ತೆಗೆದಿದ್ದೆ. ಅದೇನು ದೊಡ್ಡ ವಿಷಯ ಅಲ್ಲ, ಒಂದು ಸಲ ದುಡ್ಡು ಕೊಟ್ಟು ತಗೊಂಡ ಆಟ ಯಾವಾಗ ಬೇಕಾದರೂ ಮತ್ತೆ ಇಳಿಸ್ಕೊಬಹುದು. ಡೌನ್‌ಲೋಡ್ ಹಾಕಿದೆ. ಅವನು ಸ್ನಾನ ಮುಗಿಸಿ ಬರೋದ್ರೊಳಗೆ ಇಳಿದಿತ್ತು. ಕಂಟ್ರೋಲರ್ ಅವನ ಕೈಗೆ ಕೊಟ್ಟೆ. 'ಲೋಡ್' ಒತ್ತಿದ. ಪಟ್ಟಿ ಖಾಲಿ.

ಅವನು ಇನ್ನೊಂದು ಸಲ ಒತ್ತಿದ. ನಾನು ಮಾತ್ರ ಅಷ್ಟರಲ್ಲಿ ಎಲ್ಲ ನೆನಪಾಗಿ, "ಇರು, ನೆಟ್ ಸ್ಲೋ ಇರ್ಬೇಕು" ಅಂತ ಸುಳ್ಳು ಹೇಳಿ ಅಡುಗೆಮನೆಗೆ ಹೋಗಿ ಫೋನ್ ಹಿಡ್ಕೊಂಡು ನಿಂತೆ.

ಕೆಳತೋಟ ಅಂದ್ರೆ ಏನು ಅಂತ ಹೇಳಿಬಿಡ್ತೀನಿ, ಇಲ್ಲದಿದ್ರೆ ಒಂದು ಆಟದ ಫೈಲ್ ಹೋಗಿದ್ದಕ್ಕೆ ಇವನ್ಯಾಕೆ ಇಷ್ಟು ಬರೀತಾನೆ ಅನ್ಸುತ್ತೆ.

ತೀರ್ಥಹಳ್ಳಿ ಕಡೆ ನಮ್ಮ ಮನೆಯ ಕೆಳಗಡೆ ಇಳಿಜಾರಿನಲ್ಲಿ ಒಂದು ಅಡಿಕೆ ತೋಟ ಇತ್ತು. ಮನೆ ಪಕ್ಕದ್ದು ಮೇಲ್ತೋಟ, ಅದು ಕೆಳತೋಟ. ಅಂಚಿನಲ್ಲಿ ಸಣ್ಣ ಹಳ್ಳ, ಒಂದು ಬಾವಿ, ಒಂದು ಹಲಸಿನ ಮರ. 2012ರಲ್ಲಿ ಅಪ್ಪ ಅದನ್ನು ಕೊಟ್ಟುಬಿಟ್ಟರು. ಹಳೇ ಸಾಲ ಇತ್ತು, ಅದೇ ವರ್ಷ ನನ್ನ ಇಂಜಿನಿಯರಿಂಗ್ ಸೀಟಿನ ಫೀಸೂ ಇತ್ತು. ಎರಡರಲ್ಲಿ ಯಾವುದಕ್ಕೆ ಎಷ್ಟು ಹೋಯ್ತು ಅಂತ ಅಪ್ಪ ಯಾವತ್ತೂ ಹೇಳಿಲ್ಲ, ನಾನೂ ಕೇಳಿಲ್ಲ. ಕೆಳತೋಟದ ಮಾತು ಬಂದರೆ ಅಪ್ಪ ಎದ್ದು ಕೊಟ್ಟಿಗೆ ಕಡೆ ಹೋಗ್ತಿದ್ದರು. ತಮ್ಮನಿಗೆ ಆಗ ಹತ್ತು ವರ್ಷ.

2020ರ ಮಾರ್ಚ್‌ನಲ್ಲಿ ಮನೆಯಿಂದಲೇ ಕೆಲಸ ಮಾಡಿ ಅಂತ ಆಫೀಸ್ ಹೇಳಿದ ದಿನವೇ ಊರಿಗೆ ಹೊರಟೆ. ಲ್ಯಾಪ್‌ಟಾಪ್ ಬ್ಯಾಗಿನ ಜೊತೆ ಇನ್ನೊಂದು ಬ್ಯಾಗಿನಲ್ಲಿ ಟವೆಲ್ ಸುತ್ತಿ ಪಿಎಸ್4ನೂ ತಗೊಂಡು ಹೋದೆ. ತಮ್ಮನದ್ದು ದ್ವಿತೀಯ ಪಿಯುಸಿ. ಆ ವರ್ಷ ಪರೀಕ್ಷೆ ಬರೆದವರಿಗೆ ನೆನಪಿರುತ್ತೆ, ಎಲ್ಲ ಪೇಪರ್ ಮುಗಿದು ಇಂಗ್ಲಿಷ್ ಒಂದು ಉಳಿದಿತ್ತು. ಮಾರ್ಚ್ 23ಕ್ಕೆ ಇದ್ದದ್ದು ಮುಂದಕ್ಕೆ ಹೋಗಿ ಕೊನೆಗೆ ನಡೆದದ್ದು ಜೂನ್ 18ಕ್ಕೆ. ಒಂದೇ ಒಂದು ಪೇಪರಿಗೆ ಮೂರು ತಿಂಗಳು ಓದೋದು ಯಾರಿಂದಾಗುತ್ತೆ?

ನಾನು ತಗೊಂಡುಹೋಗಿದ್ದ ಆಟಗಳೆಲ್ಲ ಅವನಿಗೆ ವಾರದಲ್ಲಿ ಬೇಜಾರು ಬಂತು. ಹೊಸದು ಇಳಿಸೋಣ ಅಂದ್ರೆ ನಮ್ಮನೆಯಲ್ಲಿ ನೆಟ್‌ವರ್ಕ್ ಸಿಗೋದು ಜಗಲಿಯ ಒಂದು ಮೂಲೆಯಲ್ಲಿ. ಐವತ್ತು ಜಿಬಿ ಆಟ ಅಲ್ಲಿ ಇಳಿಸೋಕೆ ಹೋದ್ರೆ ಮಳೆಗಾಲ ಬಂದು ಹೋಗುತ್ತೆ. ಒಂದು ರಾತ್ರಿ ಫೋನ್ ಹಾಟ್‌ಸ್ಪಾಟ್‌ನಲ್ಲಿ ಇಳಿಯುವಷ್ಟು ಸಣ್ಣದು ಅಂತ ಹುಡುಕಿದಾಗ ಸಿಕ್ಕಿದ್ದು 'ಸ್ಟಾರ್ಡ್ಯೂ ವ್ಯಾಲಿ'.

ಗೊತ್ತಿಲ್ಲದವರಿಗೆ: ಎರಿಕ್ ಬರೋನ್ ಅನ್ನೋ ಒಬ್ಬನೇ ಮನುಷ್ಯ ನಾಲ್ಕು ವರ್ಷಕ್ಕೂ ಹೆಚ್ಚು ಕಾಲ ಕೂತು, ಚಿತ್ರ, ಸಂಗೀತ, ಕೋಡ್ ಎಲ್ಲ ತಾನೇ ಮಾಡಿ 2016ರಲ್ಲಿ ಬಿಟ್ಟ ಆಟ ಅದು. ಗುಂಡು ಹಾರಿಸೋದೇ ಮುಖ್ಯ ಅನ್ನೋ ಥರದ್ದಲ್ಲ. ಆಫೀಸ್ ಕೆಲಸದಲ್ಲಿ ಬೇಸತ್ತವನೊಬ್ಬನಿಗೆ ತೀರಿಹೋದ ಅಜ್ಜ ಬಿಟ್ಟುಹೋದ ಪಾಳುಬಿದ್ದ ಜಮೀನು ಸಿಗುತ್ತೆ. ಅವನು ಊರಿಗೆ ಹೋಗಿ ಕಲ್ಲು ಎತ್ತಿ, ಕಳೆ ಕಿತ್ತು, ನೀರು ಹಾಕಿ ಬೆಳೆ ಬೆಳೀತಾನೆ. ರಾತ್ರಿ ಹೋಗಿ ಮಲಗಿದರೆ ಅವತ್ತಿನ ದಿನ ಸೇವ್ ಆಗುತ್ತೆ. ಮಲಗದೆ ಆಫ್ ಮಾಡಿದರೆ ಆ ದಿನ ನಡೆದೇ ಇಲ್ಲ ಅಂತ ಲೆಕ್ಕ.

ಶುರುವಿನಲ್ಲಿ ಜಮೀನಿಗೆ ಹೆಸರು ಕೇಳುತ್ತೆ. ತಮ್ಮ 'ಕೆಳತೋಟ' ಅಂತ ಹಾಕಿದ. ಜಮೀನಿನ ನಕ್ಷೆಗಳಲ್ಲಿ ನೀರು ಹರಿಯೋದನ್ನು ಆರಿಸಿಕೊಂಡ. ನಾನು ಆಗ ತಲೆ ಕೆಡಿಸಿಕೊಳ್ಳಲಿಲ್ಲ. ಎರಡು ವಾರ ಬಿಟ್ಟು ಒಂದಿನ ಮೀಟಿಂಗ್ ಮುಗಿಸಿ ಬಂದು ನೋಡ್ತೀನಿ, ಅಮ್ಮ ಅಡಿಕೆ ಸುಲಿಯೋ ಕತ್ತಿ ಪಕ್ಕಕ್ಕಿಟ್ಟು ಟಿವಿ ಮುಂದೆ ಕೂತು ಇವನಿಗೆ ಬಯ್ತಿದ್ದಾರೆ. "ಬಾವಿ ಅಲ್ಲಲ್ಲ ಕಣೋ, ಇನ್ನೂ ಹಳ್ಳದ ಕಡೆಗೆ. ಕೊಟ್ಟಿಗೆಯಿಂದ ಅಷ್ಟು ಹತ್ರ ಯಾರಾದ್ರೂ ಬಾವಿ ತೆಗೀತಾರಾ?"

ಅವನು ನಮ್ಮ ತೋಟವನ್ನೇ ಕಟ್ಟುತ್ತಿದ್ದ. ಹತ್ತು ವರ್ಷದ ಹುಡುಗನ ನೆನಪಿನಲ್ಲಿ ಎಷ್ಟಿತ್ತೋ ಅಷ್ಟು, ಅದರ ಮೇಲೆ ಅಮ್ಮನ ತಿದ್ದುಪಡಿ. ಹಳ್ಳದಿಂದ ಎಷ್ಟು ದೂರಕ್ಕೆ ಬಾವಿ, ಬಾವಿಯಿಂದ ಎಷ್ಟು ದೂರಕ್ಕೆ ದಾರಿ, ಉಣುಗೋಲು ಎಲ್ಲಿ. ಆಟದಲ್ಲಿ ಅಡಿಕೆ ಮರ ಇಲ್ಲ, ಅದರ ಬದಲು ಹಣ್ಣಿನ ಗಿಡ ಸಾಲಾಗಿ ನೆಟ್ಟಿದ್ದ. ಹಣ್ಣಿನ ಗಿಡ ದೊಡ್ಡದಾಗೋವರೆಗೆ ಸುತ್ತ ಎಂಟೂ ಚೌಕ ಖಾಲಿ ಬಿಡಬೇಕು, ಇಲ್ಲದಿದ್ರೆ ಬೆಳೆಯಲ್ಲ ಅಂತ ಆಟದ ನಿಯಮ. ಅದು ಗೊತ್ತಾದಾಗ ಅಮ್ಮನಿಗೆ ಆ ಆಟ ಮಾಡಿದವನ ಮೇಲೆ ಗೌರವ ಬಂತು. "ಪಾಪ, ಗೊತ್ತಿದ್ದವನೇ ಮಾಡಿದ್ದು" ಅಂದ್ರು. ಎರಡು ಹಸು ತಗೊಂಡಾಗ ಗೌರಿ, ಕಪಿಲೆ ಅಂತ ಹೆಸರಿಟ್ಟರು. ಎರಡೂ ನಮ್ಮ ಕೊಟ್ಟಿಗೆಯಲ್ಲಿ ಇದ್ದವೇ. ಅಪ್ಪ ಹಿಂದಿನಿಂದ ಹಾದುಹೋಗುವಾಗ ಒಂದು ಕ್ಷಣ ನಿಲ್ತಿದ್ದರೋ ಇಲ್ವೋ, ಮಾತಂತೂ ಆಡಲಿಲ್ಲ.

ಜೂನ್ 18 ಬಂತು, ಇಂಗ್ಲಿಷ್ ಪೇಪರ್ ಮುಗೀತು. ಅವನು ಡಿಗ್ರಿ ಸೇರಿದ. ನಾನು ಪಿಎಸ್4 ವಾಪಸ್ ಬೆಂಗಳೂರಿಗೆ ತಂದೆ.

ಈಗ ತಪ್ಪೊಪ್ಪಿಗೆಯ ಭಾಗ. 2023ರ ಒಂದು ಶುಕ್ರವಾರ ರಾತ್ರಿ, 'ರೆಡ್ ಡೆಡ್ ರಿಡೆಂಪ್ಶನ್ 2' ಸೇಲ್‌ನಲ್ಲಿತ್ತು, ತಗೊಂಡೆ. ನೂರು ಜಿಬಿಗೂ ಮೀರಿದ ಆಟ. ನನ್ನದು 500 ಜಿಬಿ ಮಾಡೆಲ್. ಡಬ್ಬದ ಮೇಲೆ 500 ಅಂತಿದ್ದರೂ ಸಿಸ್ಟಮ್ ತನ್ನ ಪಾಲು ತಗೊಂಡು, ಲೆಕ್ಕದ ವ್ಯತ್ಯಾಸವೂ ಸೇರಿ, ನಮ್ಮ ಕೈಗೆ ಸಿಗೋದು 400 ಚಿಲ್ಲರೆ. ಅದರ ಮೇಲೆ ಇನ್ನೊಂದು ಕಿರಿಕಿರಿ: ಪಿಎಸ್4ನಲ್ಲಿ ದೊಡ್ಡ ಆಟಕ್ಕೆ ಅಪ್‌ಡೇಟ್ ಬಂದರೆ ಅದು ಹಳೆಯದನ್ನೂ ಹೊಸದನ್ನೂ ಸೇರಿಸಿ ಪಕ್ಕದಲ್ಲೇ ಇನ್ನೊಂದು ಕಾಪಿ ಮಾಡಿಕೊಳ್ಳುತ್ತೆ, ಆಮೇಲೆ ಹಳೆಯದನ್ನು ಬಿಸಾಡುತ್ತೆ. ಹಾಗಾಗಿ ಸಣ್ಣ ಅಪ್‌ಡೇಟ್ ಅಂತ ಕಂಡರೂ ಆಟದಷ್ಟೇ ಖಾಲಿ ಜಾಗ ಕೇಳೋದುಂಟು. ಡಿಸ್ಕ್ ಹಾಕಿ ಆಡೋರೂ ಇದರಿಂದ ತಪ್ಪಿಸ್ಕೊಳ್ಳೋ ಹಾಗಿಲ್ಲ, ಡಿಸ್ಕಿನಲ್ಲಿರೋದೆಲ್ಲ ಒಳಗಿನ ಹಾರ್ಡ್ ಡಿಸ್ಕಿಗೆ ಕಾಪಿ ಆಗಲೇಬೇಕು.

ಎರಡು ಆಟ ತೆಗೆದೆ. ಸಾಲಲಿಲ್ಲ. ಇನ್ನೊಂದು ತೆಗೆದೆ. ಇನ್ನೂ ಎರಡು ಜಿಬಿ ಕಡಿಮೆ ಅಂತು. ರಾತ್ರಿ ಹನ್ನೊಂದೂವರೆ. ಸೆಟ್ಟಿಂಗ್ಸ್‌ನಲ್ಲಿ ಸ್ಟೋರೇಜ್‌ಗೆ ಹೋದರೆ ನಾಲ್ಕು ಸಾಲು ಕಾಣುತ್ತೆ: ಅಪ್ಲಿಕೇಶನ್ಸ್, ಕ್ಯಾಪ್ಚರ್ ಗ್ಯಾಲರಿ, ಸೇವ್ಡ್ ಡೇಟಾ, ಥೀಮ್ಸ್. ಸೇವ್ಡ್ ಡೇಟಾ ಎರಡೂವರೆ ಜಿಬಿ ಹತ್ತಿರ ಇತ್ತು. ಒಳಗೆ ಹೋದೆ. ಆಟವೇ ಇಲ್ಲದ ಆಟಗಳ ಸೇವ್‌ಗಳೇ ತುಂಬಿದ್ದವು.

ಆಫೀಸಿನಲ್ಲಿ ನನ್ನ ಕೆಲಸದ ಒಂದು ಭಾಗ ಇದೇ. ಡೇಟಾಬೇಸ್‌ನಲ್ಲಿ ತಾಯಿ ರೆಕಾರ್ಡ್ ಅಳಿಸಿಹೋಗಿ ಮಕ್ಕಳು ಉಳಿದಿದ್ದರೆ ಅದಕ್ಕೆ ಆರ್ಫನ್ ಡೇಟಾ ಅಂತೀವಿ. ಅನಾಥ, ವಾರಸುದಾರರಿಲ್ಲ, ಗುಡಿಸಿಹಾಕು. ಆಫೀಸಿನಲ್ಲಿ ಹಾಗೆ ಗುಡಿಸೋ ಮೊದಲು ಬ್ಯಾಕಪ್ ಇದೆಯಾ ಅಂತ ನೋಡ್ತೀನಿ, ಇನ್ನೊಬ್ಬರ ಹತ್ತಿರ ರಿವ್ಯೂ ಮಾಡಿಸ್ತೀನಿ, ಮೊದಲು ಎಷ್ಟು ಸಾಲು ಹೋಗುತ್ತೆ ಅಂತ ಎಣಿಸಿ ಆಮೇಲೆ ಡಿಲೀಟ್ ಓಡಿಸ್ತೀನಿ. ಮನೆಯಲ್ಲಿ ಚಿಪ್ಸ್ ತಿಂತಾ, ಎಲ್ಲವನ್ನೂ ಸೆಲೆಕ್ಟ್ ಮಾಡಿ, ಖಂಡಿತವಾಗಿಯೂ ಅಳಿಸಬೇಕಾ ಅಂತ ಅದು ಕೇಳಿದ್ದಕ್ಕೆ ಹೂಂ ಅಂದೆ. ತಪ್ಪು ಕನ್ಸೋಲಿನದ್ದಲ್ಲ. ಅದು ಕೇಳಿತ್ತು.

ತಮ್ಮ ಆಡಿದ್ದು ನನ್ನ ಯೂಸರ್‌ನಲ್ಲೇ. ಅವನಿಗೆ ಬೇರೆ ಯೂಸರ್ ಮಾಡಿಕೊಡೋಕೆ ನನಗೆ ಸೋಮಾರಿತನ. ಪಿಎಸ್4ನಲ್ಲಿ ಸೇವ್‌ಗಳು ಯೂಸರ್ ಪ್ರಕಾರ ಬೇರೆಬೇರೆ ಇರುತ್ತವೆ. ಅವನ ಹೆಸರಿನಲ್ಲಿ ಇದ್ದಿದ್ದರೆ ಅವತ್ತು ರಾತ್ರಿ ನನ್ನ ಪಟ್ಟಿಯಲ್ಲಿ ಬರ್ತಾನೇ ಇರಲಿಲ್ಲ.

ಅಂದಹಾಗೆ ಆ ಕುದುರೆ ಆಟ ನಾನು ನಾಲ್ಕು ಗಂಟೆ ಆಡಿದೆ. ಆಮೇಲೆ ಮುಟ್ಟಲಿಲ್ಲ.

ಅಡುಗೆಮನೆಯಲ್ಲಿ ನಿಂತು ನಾನು ಹುಡುಕಿದ್ದು ಒಂದೊಂದಾಗಿ ಮುಚ್ಚುತ್ತಾ ಬಂತು. ಪಿಎಸ್ ಪ್ಲಸ್ ಚಂದಾ ಇದ್ದರೆ ಸೇವ್‌ಗಳ ಕಾಪಿ ಕ್ಲೌಡಿನಲ್ಲಿರುತ್ತೆ. ನನ್ನ ಚಂದಾ ಮುಗಿದು ವರ್ಷಗಳಾಗಿದ್ದವು, ಆನ್‌ಲೈನ್ ಆಡಲ್ಲ, ಸುಮ್ಮನೆ ಯಾಕೆ ದುಡ್ಡು ಅಂತ ನಾನೇ ಬಿಟ್ಟಿದ್ದೆ. ಪೆನ್‌ಡ್ರೈವ್‌ಗೆ ಕಾಪಿ ಮಾಡೋ ಸೌಲಭ್ಯ ಪಿಎಸ್4ನಲ್ಲಿ ಬಿಟ್ಟಿಯಾಗಿ ಇದೆ, ಮಾಡಿರಲಿಲ್ಲ. ಕೊನೆಗೆ, ಫೈಲ್ ಅಳಿಸಿದರೂ ಹಾರ್ಡ್ ಡಿಸ್ಕ್ ಮೇಲೆ ಅದರ ಗುರುತು ಉಳಿದಿರುತ್ತಲ್ಲ, ರಿಕವರಿ ಮಾಡೋಣ ಅನ್ನೋ ಆಸೆ. ಕಂಪ್ಯೂಟರಿನಲ್ಲಿ ಅದು ನಿಜ. ಅಳಿಸೋದು ಅಂದ್ರೆ ಪುಸ್ತಕದ ಪರಿವಿಡಿಯಿಂದ ಹೆಸರು ಹೊಡೆದುಹಾಕಿದ ಹಾಗೆ, ಪುಟ ಹಾಗೇ ಇರುತ್ತೆ, ಇನ್ನೊಬ್ಬರು ಬಂದು ಅದರ ಮೇಲೆ ಬರೆಯೋ ತನಕ. ಆದರೆ ಪಿಎಸ್4ನ ಡಿಸ್ಕ್ ಎನ್‌ಕ್ರಿಪ್ಟ್ ಆಗಿರುತ್ತೆ, ಬಿಚ್ಚಿ ಬೇರೆ ಕಂಪ್ಯೂಟರಿಗೆ ಹಾಕಿದರೆ ಕಲಸುಮೇಲೋಗರ ಬಿಟ್ಟು ಬೇರೇನೂ ಕಾಣಲ್ಲ. ಸಾಲದ್ದಕ್ಕೆ ನಾನು ಅಳಿಸಿದ ಹತ್ತೇ ನಿಮಿಷಕ್ಕೆ ಅದರ ಮೇಲೆ ನೂರು ಜಿಬಿ ಕುದುರೆ ಓಡಿಸಿದ್ದೆ.

ಹೊರಗೆ ಬಂದು ಹೇಳಿದೆ.

ಸ್ವಲ್ಪ ಹೊತ್ತು ಸುಮ್ಮನಿದ್ದ. "ಪರ್ವಾಗಿಲ್ಲ ಬಿಡು ಅಣ್ಣ. ಆಟ ತಾನೇ" ಅಂದ. ಬಯ್ದಿದ್ದರೆ ಚೆನ್ನಾಗಿತ್ತು.

ರಾತ್ರಿ ಊಟಕ್ಕೆ ಕೂತಾಗ ಅನ್ನಕ್ಕೆ ಸಾರು ಹಾಕ್ಕೊಳ್ತಾ ಕೇಳಿದ, "ನಿಜವಾದ ತೋಟದಲ್ಲಿ ಬಾವಿ ಎಲ್ಲಿತ್ತು ಅಂತ ನಿಂಗೆ ನೆನಪಿದೆಯಾ?" ನಾನು ಹಲಸಿನ ಮರದ ಬಲಕ್ಕೆ ಅಂದೆ. ಅವನು ಎಡಕ್ಕೆ ಅಂದ. ಮನೆ ಕಡೆಯಿಂದ ಇಳಿದು ಬಂದಾಗ ಬಲಕ್ಕೋ, ಹಳ್ಳದ ಕಡೆಯಿಂದ ನೋಡಿದಾಗಲೋ ಅಂತ ಅರ್ಧ ಗಂಟೆ ವಾದ ಆಯ್ತು. ಫೋಟೋ ನೋಡೋಣ ಅಂದ್ರೆ ನಮ್ಮ ಹತ್ತಿರ ಕೆಳತೋಟದ್ದು ಇರೋದು ಎರಡೇ ಎರಡು. ಎರಡರಲ್ಲೂ ನೆಂಟರು ಸಾಲಾಗಿ ನಿಂತಿದ್ದಾರೆ, ಹಿಂದೆ ಹಸಿರು ಮಸುಕು. ಈಗ ಅಲ್ಲಿಗೆ ಹೋಗಿ ನೋಡೋಣ ಅಂದ್ರೂ ತಗೊಂಡವರು ಬಾವಿ ಮುಚ್ಚಿಸಿ ದಾರಿಯನ್ನೇ ಬದಲಾಯಿಸಿದ್ದಾರೆ. ಅಂದ್ರೆ ಆ ಜಾಗ ಹೇಗಿತ್ತು ಅಂತ ಅಮ್ಮ ಕೂತು ತಿದ್ದಿ ತಿದ್ದಿ ಇಟ್ಟಿದ್ದ ಒಂದೇ ಒಂದು ನಕ್ಷೆ ಕೆಲವೇ ಎಂಬಿ ಸೈಜಿನಲ್ಲಿ ಆ ಪಿಎಸ್4 ಒಳಗಿತ್ತು.

ನನಗೆ ತಲೆ ಕೆಟ್ಟಿದ್ದು ಅದರ ಸೈಜಿಗೆ. ಕನ್ಸೋಲ್ ತುಂಬಿದಾಗ ಅದು ನಮಗೆ ತೋರಿಸೋದು ಜಿಬಿ ಲೆಕ್ಕ. ನೂರು ಜಿಬಿ ಆಟ ಮತ್ತೆ ಇಳಿಸಿದರೆ ಅಕ್ಷರಕ್ಕೆ ಅಕ್ಷರ ಅದೇ ಬರುತ್ತೆ, ಅದರ ಕಾಪಿ ಲಕ್ಷಾಂತರ ಜನರ ಮನೆಯಲ್ಲಿದೆ. ಐದು ಎಂಬಿ ಸೇವ್ ಪ್ರಪಂಚದಲ್ಲಿ ಒಂದೇ. ಸ್ಟೋರೇಜ್ ಪಟ್ಟಿಯಲ್ಲಿ ಎರಡನ್ನೂ ಒಂದೇ ಅಕ್ಷರದಲ್ಲಿ, ಒಂದೇ ಬಣ್ಣದಲ್ಲಿ ಬರೆದಿರುತ್ತೆ.

ಹಿಂದೆ ಹೀಗಿರಲಿಲ್ಲ. ಮೊದಲ ಪ್ಲೇಸ್ಟೇಷನ್ ಕಾಲದಲ್ಲಿ ಸೇವ್ ಆಗ್ತಿದ್ದದ್ದು ಬೇರೆಯೇ ಮೆಮೊರಿ ಕಾರ್ಡಿನ ಮೇಲೆ, 128 ಕೆಬಿ, ಅದರಲ್ಲಿ 15 ಖಾನೆ. ಪಿಎಸ್2ದು 8 ಎಂಬಿ. ಖಾನೆ ತುಂಬಿದರೆ ಯಾವುದನ್ನು ಅಳಿಸೋದು ಅಂತ ಒಂದೊಂದನ್ನೇ ನೋಡಿ ನಿರ್ಧಾರ ಮಾಡಬೇಕಿತ್ತು, ಯಾಕಂದ್ರೆ ಕಾರ್ಡಿನಲ್ಲಿ ಇದ್ದದ್ದೇ ಸೇವ್‌ಗಳು. ಜೇಬಿಗೆ ಹಾಕ್ಕೊಂಡು ಫ್ರೆಂಡ್ ಮನೆಗೆ ಹೋಗಬಹುದಿತ್ತು. ಈಗ ಅಡಿಕೆ ಮೂಟೆಗಳ ಮಧ್ಯೆ ಚಿನ್ನದ ಓಲೆ ಇಟ್ಟ ಹಾಗೆ, ಗೋದಾಮು ಗುಡಿಸುವಾಗ ಯಾವುದು ಯಾವುದೋ.

ಕೆಲಸಕ್ಕೆ ಬರೋ ವಿಷಯ ಒಂದಿಷ್ಟು ಹೇಳ್ತೀನಿ, ನಿಮ್ಮನೆಯಲ್ಲೂ ಒಂದು ಡಬ್ಬ ತುಂಬಿ ಕೂತಿರಬಹುದು. ಪಿಎಸ್4ನಲ್ಲಿ ಆಟ ಡಿಲೀಟ್ ಮಾಡಿದರೆ ಸೇವ್ ಹೋಗಲ್ಲ, ಇದು ತುಂಬ ಜನರಿಗೆ ಗೊತ್ತಿಲ್ಲ, ಸೇವ್ ಹೋಗುತ್ತೆ ಅಂತ ಹೆದರಿ ಆಡದ ಆಟವನ್ನೂ ಇಟ್ಟುಕೊಂಡಿರ್ತಾರೆ. ದೊಡ್ಡ ಆಟವನ್ನು ಧೈರ್ಯವಾಗಿ ತೆಗೀರಿ. ಸೇವ್ ಮುಟ್ಟೋ ಮೊದಲು ಒಂದು ಪೆನ್‌ಡ್ರೈವ್ ಹಾಕಿ, ಅಪ್ಲಿಕೇಶನ್ ಸೇವ್ಡ್ ಡೇಟಾ ಮ್ಯಾನೇಜ್‌ಮೆಂಟ್‌ನಿಂದ ಯುಎಸ್‌ಬಿಗೆ ಕಾಪಿ ಮಾಡ್ಕೊಳ್ಳಿ. ಪೆನ್‌ಡ್ರೈವ್ ಫ್ಯಾಟ್32 ಅಥವಾ ಎಕ್ಸ್‌ಫ್ಯಾಟ್ ಫಾರ್ಮ್ಯಾಟ್‌ನಲ್ಲಿ ಇದ್ದರೆ ಸಾಕು. ನನ್ನ ಎರಡೂವರೆ ಜಿಬಿಗೆ ಮೂಲೆಯಲ್ಲಿ ಬಿದ್ದಿದ್ದ ಹಳೇ 4 ಜಿಬಿ ಪೆನ್‌ಡ್ರೈವ್ ಸಾಲುತ್ತಿತ್ತು.

ಎಕ್ಸ್‌ಟರ್ನಲ್ ಹಾರ್ಡ್ ಡಿಸ್ಕ್ ಸೇರಿಸೋ ಸೌಲಭ್ಯ 2017ರ ಅಪ್‌ಡೇಟಿನಲ್ಲಿ ಬಂತು, ಯುಎಸ್‌ಬಿ 3.0 ಇರಬೇಕು, 250 ಜಿಬಿಯಿಂದ 8 ಟಿಬಿವರೆಗೆ. ಆದರೆ ಅದಕ್ಕೆ ಹೋಗೋದು ಆಟಗಳು ಮಾತ್ರ, ಸೇವ್‌ಗಳು ಒಳಗಿನ ಡಿಸ್ಕಿನಲ್ಲೇ ಉಳಿಯುತ್ತವೆ. ಇನ್ನೊಂದು ಮುಖ್ಯ ವಿಷಯ: ಮನೆಗೆ ಬಂದುಹೋದ ಕಸಿನ್‌ದು, ಹಳೇ ರೂಮ್‌ಮೇಟ್‌ದು ಅಂತ ಯೂಸರ್‌ಗಳನ್ನು ಅಳಿಸೋಕೆ ಹೋಗಬೇಡಿ. ಯೂಸರ್ ಅಳಿಸಿದರೆ ಅವರ ಸೇವ್, ಸ್ಕ್ರೀನ್‌ಶಾಟ್, ವಿಡಿಯೋ ಎಲ್ಲ ಅವರ ಜೊತೆಗೇ ಹೋಗುತ್ತೆ.

ಪಿಎಸ್5 ತಗೊಂಡವರಿಗೆ ಸ್ವಲ್ಪ ಕಷ್ಟ. ಮೊದಲ ಮಾಡೆಲ್‌ನಲ್ಲಿ 825 ಜಿಬಿ ಅಂದರೂ ಬಳಕೆಗೆ ಸಿಗೋದು 667. ಅದಕ್ಕಿಂತ ಬೇಜಾರಿನ ವಿಷಯ, ಪಿಎಸ್5 ಆಟಗಳ ಸೇವ್ ಯುಎಸ್‌ಬಿಗೆ ಕಾಪಿ ಆಗಲ್ಲ, ಕ್ಲೌಡ್ ಬೇಕಂದ್ರೆ ಚಂದಾ ಕಟ್ಟಬೇಕು. ಅದರಲ್ಲಿ ಆಡೋ ಪಿಎಸ್4 ಆಟಗಳ ಸೇವ್ ಮಾತ್ರ ಯುಎಸ್‌ಬಿಗೆ ಬರುತ್ತೆ. ನನ್ನ ಸಾಮಾನು ನನ್ನ ಪೆನ್‌ಡ್ರೈವ್‌ಗೆ ಹಾಕ್ಕೊಳ್ಳೋಕೆ ಯಾಕೆ ಬಿಡಲ್ಲ ಅನ್ನೋದು ನನಗೆ ಇವತ್ತಿಗೂ ಅರ್ಥ ಆಗಿಲ್ಲ. ಎಕ್ಸ್‌ಬಾಕ್ಸ್ ಈ ವಿಷಯದಲ್ಲಿ ಉದಾರಿ, ಸೈನ್ ಇನ್ ಆಗಿದ್ದರೆ ಸೇವ್‌ಗಳು ತಾವಾಗೇ ಕ್ಲೌಡಿಗೆ ಹೋಗುತ್ತವೆ, ದುಡ್ಡಿಲ್ಲ. ಅಲ್ಲಿ ಹುಷಾರಾಗಿರಬೇಕಾದ್ದು ಸೇವ್ ಅಳಿಸುವಾಗ: ಈ ಕನ್ಸೋಲಿನಿಂದ ಮಾತ್ರವೋ, ಎಲ್ಲ ಕಡೆಯಿಂದಲೋ ಅಂತ ಕೇಳುತ್ತೆ. 'ಎಲ್ಲ ಕಡೆ' ಒತ್ತಿದರೆ ಕ್ಲೌಡಿನದ್ದೂ ಹೋಯ್ತು. ನಿಂಟೆಂಡೋ ಸ್ವಿಚ್‌ನ ಮೊದಲ ಮಾಡೆಲ್‌ಗೆ ಇರೋದೇ 32 ಜಿಬಿ, ಆದರೆ ಅದರಲ್ಲಿ ಸಾಫ್ಟ್‌ವೇರ್ ಆರ್ಕೈವ್ ಅನ್ನೋದು ಇದೆ. ಆಟ ಹೋಗುತ್ತೆ, ಐಕಾನೂ ಸೇವೂ ಉಳಿಯುತ್ತೆ. ಚೆಂದದ ಯೋಚನೆ ಅದು. ಸೇವ್ ಅಳಿಸಬೇಕಂದ್ರೆ ಸಿಸ್ಟಮ್ ಸೆಟ್ಟಿಂಗ್ಸ್ ಒಳಗೆ ಬೇರೆಯೇ ಜಾಗಕ್ಕೆ ಹೋಗಬೇಕು, ಚಿಪ್ಸ್ ತಿಂತಾ ಆಗೋ ಕೆಲಸ ಅಲ್ಲ.

ಕನ್ಸೋಲ್ ಇಲ್ಲದವರು ಇದೇ ಗುಂಡಿಗೆ ಫೋನಿನಲ್ಲಿ ಬೀಳ್ತಾರೆ. ಆಂಡ್ರಾಯ್ಡ್‌ನಲ್ಲಿ ಆ್ಯಪ್ ಒಂದರ ಸ್ಟೋರೇಜ್ ಒಳಗೆ ಹೋದರೆ ಕ್ಲಿಯರ್ ಕ್ಯಾಶ್, ಪಕ್ಕದಲ್ಲೇ ಕ್ಲಿಯರ್ ಡೇಟಾ. ಮೊದಲನೆಯದು ಕಸ. ಎರಡನೆಯದು ಒತ್ತಿದರೆ ಆ್ಯಪ್ ಆಗತಾನೇ ಹಾಕಿದ ಹಾಗೆ ಹೊಸದಾಗಿ ಕೂರುತ್ತೆ, ನೀವು ಅದರೊಳಗೆ ಮಾಡಿದ್ದು ಬೇರೆಲ್ಲೂ ಉಳಿದಿರದಿದ್ದರೆ ಹೋಯ್ತು ಅಂತಲೇ.

ಮರುದಿನ ಸಂಜೆ ತಮ್ಮ ಟ್ರೈನಿಂಗ್ ಮುಗಿಸಿ ಬರೋ ಮೊದಲು ಆ ಸ್ಟೋರೇಜ್ ಪಟ್ಟಿ ಮತ್ತೆ ತೆಗೆದೆ. ತಪ್ಪು ಮಾಡಿದ ಜಾಗಕ್ಕೆ ಹೋಗಿ ನಿಂತು ನೋಡೋ ಅಭ್ಯಾಸ ಕೆಲಸದಿಂದ ಬಂದಿದ್ದು. ಎರಡು ವರ್ಷದ ಹಿಂದೆ ಆ ಎರಡು ಜಿಬಿ ಎಲ್ಲಿಂದ ತೆಗೀಬಹುದಿತ್ತು ಅಂತ ನೋಡಬೇಕಿತ್ತು. ಕ್ಯಾಪ್ಚರ್ ಗ್ಯಾಲರಿ ಸಾಲಿನ ಮುಂದೆ ಹತ್ತು ಜಿಬಿಗೂ ಮೇಲೆ ಇತ್ತು. ನಾನು ವಿಡಿಯೋ ರೆಕಾರ್ಡ್ ಮಾಡೋನೇ ಅಲ್ಲ.

ಮಾಡಿದ್ದು ಕೈತಪ್ಪು. ಪಿಎಸ್4 ಕಂಟ್ರೋಲರಿನ ಶೇರ್ ಬಟನ್ ಗೊತ್ತಿಲ್ಲದೆ ಎರಡು ಸಲ ಒತ್ತಿಹೋದರೆ ರೆಕಾರ್ಡಿಂಗ್ ಶುರುವಾಗುತ್ತೆ. ನೀವು ನಿಲ್ಲಿಸದಿದ್ದರೆ, ಬೇರೆ ಸೆಟ್ಟಿಂಗ್ ಮಾಡಿರದಿದ್ದರೆ, 15 ನಿಮಿಷಕ್ಕೆ ತಾನೇ ನಿಂತು ಸೇವ್ ಆಗುತ್ತೆ. ಒಂದೊಂದು ಕ್ಲಿಪ್ಪೂ ನೂರಾರು ಎಂಬಿ. ಎಷ್ಟೋ ಜನರ ಕನ್ಸೋಲಿನಲ್ಲಿ ಜಾಗ ತಿನ್ನೋದು ಇವೇ, ಮೊದಲು ಇಲ್ಲಿ ನೋಡಿ ಅಂತ ಇನ್ಮೇಲೆ ಎಲ್ಲರಿಗೂ ಹೇಳ್ತೀನಿ. ಅವತ್ತು ರಾತ್ರಿ ಇಲ್ಲಿಗೆ ಬಂದಿದ್ದರೆ ಸೇವ್ ಉಳೀತಿತ್ತು.

ಒಂದೊಂದೇ ಫೋಲ್ಡರ್ ತೆಗೆದು ಅಳಿಸ್ತಾ ಹೋದೆ. ಈ ಸಲ ನೋಡ್ಕೊಂಡೇ. ಕಾರ್ ಓಡ್ತಿದೆ, ಅಳಿಸು. ಫುಟ್ಬಾಲ್ ಮೆನು 15 ನಿಮಿಷ, ಅಳಿಸು. ನಾಲ್ಕನೇ ಫೋಲ್ಡರ್ 'ಸ್ಟಾರ್ಡ್ಯೂ ವ್ಯಾಲಿ'. ಒಂದೇ ಕ್ಲಿಪ್. ತಾರೀಕು ಮೇ 2020.

ಆ ಆಟದಲ್ಲಿ ಒಂದು ದಿನ ಅಂದ್ರೆ ಬೆಳಿಗ್ಗೆ ಆರರಿಂದ ರಾತ್ರಿ ಎರಡರವರೆಗೆ, ನಮ್ಮ ಗಡಿಯಾರದಲ್ಲಿ ಸುಮಾರು 14 ನಿಮಿಷ. ಕ್ಲಿಪ್ 15 ನಿಮಿಷದ್ದು. ತಮ್ಮ ಬೆಳಿಗ್ಗೆ ಎದ್ದು ಬಾಗಿಲು ತೆಗೆದು ಹೊರಗೆ ಬಂದಲ್ಲಿಂದ ಶುರು. ಗಿಡಗಳಿಗೆ ನೀರು ಹಾಕ್ತಾನೆ. ಕೊಟ್ಟಿಗೆಗೆ ಹೋಗಿ ಗೌರಿಯ ಮೈ ಸವರ್ತಾನೆ, ಕಪಿಲೆಯದ್ದೂ. ದಾರಿ ಹಿಡಿದು ಇಳಿದು ಬಾವಿ ದಾಟಿ ಹಳ್ಳದವರೆಗೆ ಹೋಗಿ ಸುಮ್ಮನೆ ನಿಲ್ತಾನೆ, ಆಗ ಪ್ರಾಯಶಃ ಅಮ್ಮ ಏನೋ ಹೇಳಿರಬೇಕು, ವಾಪಸ್ ಬಂದು ಒಂದು ಬೇಲಿ ಕಂಬ ಕಿತ್ತು ಎರಡು ಚೌಕ ಆಚೆ ನೆಡ್ತಾನೆ. ಮೂಲೆಯಲ್ಲಿ ಒಂದು ಮಾಮೂಲಿ ಮರವನ್ನು ಕಡಿಯದೆ ಬಿಟ್ಟಿದ್ದ, ಅದು ಹಲಸು. ಬಾವಿ ಮರದ ಎಡಕ್ಕೇ ಇತ್ತು. ವಾದ ನಾನು ಸೋತೆ.

ಕ್ಲಿಪ್ಪನ್ನು ಯುಎಸ್‌ಬಿಗೆ ಹಾಕಿ, ಲ್ಯಾಪ್‌ಟಾಪಿಗೆ ತಂದು, ಸಣ್ಣ ಮಾಡಿ, ಎರಡು ತುಂಡು ಮಾಡಿ ಅಮ್ಮನಿಗೆ ವಾಟ್ಸಾಪ್ ಮಾಡಿದೆ. ತಮ್ಮ ಬಂದವನು ಬ್ಯಾಗೂ ಇಳಿಸದೆ ನಿಂತಲ್ಲೇ ಪೂರ್ತಿ ನೋಡಿದ. ರಾತ್ರಿ ಒಂಬತ್ತೂವರೆಗೆ ಅಮ್ಮನ ಫೋನ್. ಸ್ಪೀಕರ್ ಹಾಕಿದೆ.

"ಬಾವಿ ಸರಿ ಇದೆ ಕಣೋ. ಆದ್ರೆ ಹಲಸಿನ ಮರ ಅಷ್ಟು ಹತ್ರ ಇರ್ಲಿಲ್ಲ."

"ನೀನೇ ಅಲ್ವಾ ಅಮ್ಮ ಅಲ್ಲಿ ಅಂತ ಹೇಳಿದ್ದು?"

"ನಾನೆಲ್ಲಿ ಹೇಳ್ದೆ? ಇರು, ಇವ್ರೂ ನೋಡ್ತಿದಾರೆ, ಎಂತದೋ ಹೇಳ್ತಾರೆ."

ಫೋನ್ ಕೈ ಬದಲಾದ ಸದ್ದು. ಅಪ್ಪ ಕೆಮ್ಮಿದರು. "ಬಾವಿಗೂ ಮರಕ್ಕೂ ಹದಿನೆಂಟು ಹೆಜ್ಜೆ. ನಿಮ್ಮಜ್ಜ ಅಳೆದು ತೆಗ್ಸಿದ್ದು. ಅದು ಬಾವಿಯ ಮೇಲ್ಗಡೆ, ನೀವು ಪಕ್ಕಕ್ಕೆ ಹಾಕಿದೀರಿ."

ಇಬ್ಬರೂ ಮುಖ ಮುಖ ನೋಡಿಕೊಂಡೆವು. ತಮ್ಮ ಮೊದಲು ಚೇತರಿಸಿಕೊಂಡು, "ದಾರಿ ಸರಿ ಇದೆಯಾ ಅಪ್ಪ?" ಅಂದ.

ದಾರಿಯೂ ಸರಿ ಇರಲಿಲ್ಲ. ಅದನ್ನು ವಿವರಿಸೋಕೆ ಅಪ್ಪ ಇಪ್ಪತ್ತು ನಿಮಿಷ ತಗೊಂಡರು.

ಉಳಿದ ನಾಲ್ಕು ರಾತ್ರಿ ತಮ್ಮ ಹೊಸ ತೋಟ ಶುರು ಮಾಡಿ ಕಲ್ಲು ಎತ್ತಿದ. ಅವನಿಗೆ ಬೇರೆ ಯೂಸರ್ ಮಾಡಿಕೊಟ್ಟಿದ್ದೀನಿ. ಅವನು ಮಲಗಿದ ಮೇಲೆ ಪ್ರತಿ ರಾತ್ರಿ ಪೆನ್‌ಡ್ರೈವ್ ಹಾಕಿ ಒಂದು ಕಾಪಿ, ಅವನ ಕೀಚೈನ್‌ಗೇ ಸಿಕ್ಕಿಸಿ ಕಳಿಸಿದೆ. ಬಾವಿ ಇನ್ನೂ ಕಟ್ಟಿಲ್ಲ. ಅಪ್ಪನ ಹೆಜ್ಜೆ ಒಂದಕ್ಕೆ ಆಟದಲ್ಲಿ ಎಷ್ಟು ಚೌಕ ಅಂತ ಇನ್ನೂ ತೀರ್ಮಾನ ಆಗಿಲ್ಲ.